ಧ್ವನಿಪೆಟ್ಟಿಗೆಗೆ ತುಳುವಿನಲ್ಲಿ ಏನೆನ್ನುತ್ತಾರೆ

ನಾನು ಹೈಸ್ಕೂಲಿನಲ್ಲಿ ಕನ್ನಡ ಮಾಧ್ಯಮದ ಮಕ್ಕಳಿಗೆ ವಿಜ್ಞಾನ ಕಲಿಸುವವಳು. ಆದರೆ ಬೆಂಗ್ರೆಯ ನಮ್ಮ ಓಣಿಯವರ ಲೆಕ್ಕದಲ್ಲಿ ನಾನು ಅರ್ಧ ಡಾಕ್ಟರು. ರಕ್ತಪರೀಕ್ಷೆಯ ಕಾಗದ, ಮಾತ್ರೆಯ ಖಾಲಿ ಪಟ್ಟಿ, ಕಣ್ಣಿಗೆ ಬಿಡುವ ಹನಿಯ ಬಾಟಲಿ ಎಲ್ಲವೂ ನಮ್ಮ ಜಗಲಿಗೆ ಬರುತ್ತವೆ. ಗೊತ್ತಿಲ್ಲ ಎಂದರೆ ಯಾರೂ ನಂಬುವುದಿಲ್ಲ, ಟೀಚರಿಗೆ ಜಂಬ ಎನ್ನುತ್ತಾರೆ. ಹಾಗಾಗಿ ನಾನು ತರಗತಿಯಲ್ಲಿ ಹೇಳಿಕೊಡುವ ಉಪಾಯವನ್ನೇ ಅಲ್ಲೂ ಮಾಡುತ್ತಿದ್ದೆ. ಗೊತ್ತಿಲ್ಲದ ಪದ ಬಂದರೆ ಗಾಬರಿಯಾಗಬೇಡಿ, ಅದರ ಅಕ್ಕಪಕ್ಕ ಯಾವ ಪದಗಳಿವೆ ನೋಡಿ, ಅವೇ ಅರ್ಥ ಹೇಳುತ್ತವೆ ಎಂದು ಮಕ್ಕಳಿಗೆ ಹೇಳುತ್ತೇನೆ. ಈ ಉಪಾಯದ ಬಗ್ಗೆ ನನಗೆ ಒಳಗೊಳಗೇ ಹೆಮ್ಮೆಯೂ ಇತ್ತು. ಅಪ್ಪನ ಗಂಟಲು ಕೂತ ವರ್ಷ ಅದೇ ಉಪಾಯ ನನ್ನ ನಿದ್ದೆ ಕೆಡಿಸಿತು.

ಅಪ್ಪ ದೋಣಿಗಳು ಬಂದು ನಿಲ್ಲುವ ದಕ್ಕೆಯಲ್ಲಿ ಮೀನಿನ ಏಲಂ ಕರೆಯುವವರು. ದೋಣಿಯಿಂದ ಮೀನು ಇಳಿಸಿ ರಾಶಿ ಹಾಕಿದ ಕೂಡಲೇ ಅದರ ಪಕ್ಕ ನಿಂತು ದರ ಕೂಗಬೇಕು. ಎಂಜಿನ್ನಿನ ಗಲಾಟೆ, ಮಂಜುಗಡ್ಡೆ ಪುಡಿ ಮಾಡುವ ಯಂತ್ರದ ಗಲಾಟೆ, ಕಾಗೆಗಳ ಗಲಾಟೆ ಎಲ್ಲವನ್ನೂ ಮೀರಿ ಆ ಕೂಗು ಕೊಳ್ಳುವವರ ಕಿವಿಗೆ ಬೀಳಬೇಕು. ಅಪ್ಪನದು ಅಂಥ ಸ್ವರ. ಮನೆಯಲ್ಲಿ ಉಪ್ಪು ಕೇಳಿದರೂ ಪಕ್ಕದ ಮನೆಯವರು ಉಪ್ಪಿನ ಡಬ್ಬ ಹುಡುಕುತ್ತಾರೆ ಎಂದು ಅಮ್ಮ ಗೇಲಿ ಮಾಡುತ್ತಿದ್ದಳು. ಆ ಸ್ವರ ಒಡೆಯತೊಡಗಿದಾಗ ಮೊದಲು ಯಾರೂ ತಲೆಗೆ ಹಾಕಿಕೊಳ್ಳಲಿಲ್ಲ. ಮಂಜುಗಡ್ಡೆಯ ಥಂಡಿ ಎಂದರು ಅಪ್ಪ. ಬೀಡಿ ಬಿಡಿ ಎಂದಳು ಅಮ್ಮ. ಕರಿಮೆಣಸಿನ ಕಷಾಯ ಆಯಿತು, ಇರಟಿಮಧುವಿನ ಬೇರು ಜಗಿದದ್ದೂ ಆಯಿತು, ಬಿಸಿನೀರಿಗೆ ಉಪ್ಪು ಹಾಕಿ ಮುಕ್ಕಳಿಸಿದ್ದೂ ಆಯಿತು. ದಕ್ಕೆಯ ಹುಡುಗರು ಅವರ ಕೂಗನ್ನು ಅಣಕಿಸಿ ನಗುತ್ತಿದ್ದರಂತೆ. ಟ್ರಾಲಿಂಗ್ ನಿಲ್ಲುವ ಮಳೆಗಾಲದ ರಜೆಯಲ್ಲಿ ಗಂಟಲಿಗೂ ರಜೆ ಕೊಡುತ್ತೇನೆ, ಮತ್ತೆ ದೋಣಿ ಕಡಲಿಗೆ ಇಳಿಯುವ ಹೊತ್ತಿಗೆ ಎಲ್ಲ ಸರಿಹೋಗುತ್ತದೆ ಎನ್ನುತ್ತಿದ್ದರು.

ರಜೆ ಶುರುವಾಯಿತು, ಸ್ವರ ಸರಿಯಾಗಲಿಲ್ಲ. ನಾನು ಹಟ ಹಿಡಿದು ಅವರನ್ನು ನದಿ ದಾಟಿಸುವ ಕಡವಿನ ದೋಣಿ ಹತ್ತಿಸಿ ಪೇಟೆಯ ಒಂದು ಆಸ್ಪತ್ರೆಗೆ ಕರೆದುಕೊಂಡು ಹೋದೆ. ಡಾಕ್ಟರು ಹೊರಗಿನ ಊರಿನವರು, ಆದರೂ ಕನ್ನಡ ಚೆನ್ನಾಗಿಯೇ ಮಾತಾಡುತ್ತಿದ್ದರು. ಊಟ ಸೇರುತ್ತದಾ, ಬೀಡಿ ಎಷ್ಟು ಎಳೀತೀರಿ ಎಂದು ನಗುತ್ತಾ ಕೇಳಿದರು. ಆಮೇಲೆ ಮೂಗಿನಿಂದ ಒಂದು ತೆಳ್ಳಗಿನ ಕ್ಯಾಮೆರಾ ಇಳಿಸಿದರು. ಪರದೆಯ ಮೇಲೆ ಏನೋ ಕೆಂಪಗೆ ಕಾಣಿಸಿತು. ಅಷ್ಟರಲ್ಲಿ ಅವರ ನಗು ನಿಂತಿತು, ಪಕ್ಕದಲ್ಲಿದ್ದ ಕಿರಿಯ ಡಾಕ್ಟರರ ಜೊತೆ ಇಂಗ್ಲಿಷಿನಲ್ಲಿ ಮಾತಾಡತೊಡಗಿದರು. ಅಂದು ನಾನು ಕಲಿತ ಮೊದಲ ಪಾಠ ಅದು. ಡಾಕ್ಟರು ಕನ್ನಡ ಬಿಟ್ಟು ಇಂಗ್ಲಿಷಿಗೆ ಹೋದರೆಂದರೆ ಹೆದರಬೇಕು. ಪದಗಳ ಅರ್ಥ ಆಮೇಲೆ ನೋಡಿಕೊಂಡರಾಯಿತು.

ಗ್ರೋತ್ ಎಂದರು. ಅದು ನಮ್ಮ ಶಾಲೆಯಲ್ಲಿ ಮಕ್ಕಳ ಎತ್ತರ ಅಳೆಯುವಾಗ ಬರುವ ಪದ. ಬಯಾಪ್ಸಿ ಎಂದರು. ಅದು ಯಾರದೋ ಮನೆಯ ಸುದ್ದಿಯಲ್ಲಿ ಮಾತ್ರ ಬರುವ ಪದ. ಎರಡೂ ಒಂದೇ ವಾಕ್ಯದಲ್ಲಿ ಬಂದವು. ಅಪ್ಪ ಮೂಗು ಒರೆಸಿಕೊಳ್ಳುತ್ತಾ ನನ್ನ ಮುಖ ನೋಡಿದರು. ಎಂತ ಹೇಳಿದ್ರು ಎಂದು ಕೇಳಿದರು. ಗಂಟಲಲ್ಲಿ ಒಂದು ಗಂಟು ಉಂಟಂತೆ, ಪರೀಕ್ಷೆಗೆ ಚೂರು ತೆಗೀತಾರಂತೆ ಎಂದೆ. ಅದು ಸುಳ್ಳೇನಲ್ಲ.

ಪರೀಕ್ಷೆಯ ಫಲಿತಾಂಶ ಬಂದ ಮೇಲೆ ಮಾವ ಮನೆಗೆ ಬಂದರು. ಮಾವ ಎಂದರೆ ಅಮ್ಮನ ತಮ್ಮ. ಬಹಳ ವರ್ಷ ಗಲ್ಫಿನಲ್ಲಿದ್ದು ಈಗ ಬೈಕಂಪಾಡಿಯಲ್ಲಿ ವರ್ಕ್‌ಶಾಪ್ ಇಟ್ಟವರು. ನಮ್ಮ ಮನೆಯಲ್ಲಿ ಏನೇ ತೀರ್ಮಾನವಾಗಬೇಕಾದರೂ ಮಾವ ಕುರ್ಚಿ ಎಳೆದು ಕೂರಬೇಕು. ಅವರ ಮೊದಲ ತೀರ್ಮಾನ, ಭಾವನಿಗೆ ಗೊತ್ತಾಗಬಾರದು. ಅದು ಮಾವ ಕಂಡುಹಿಡಿದ ಹೊಸ ಕಾನೂನಲ್ಲ, ನಮ್ಮ ಕಡೆ ಎಲ್ಲ ಮನೆಗಳಲ್ಲೂ ಇರುವುದೇ. ಕಾಯಿಲೆಯವನಿಗೆ ಕಾಯಿಲೆಯ ಹೆಸರು ಹೇಳಬಾರದು, ಹೇಳಿದರೆ ಅವನು ಅರ್ಧ ಅಲ್ಲೇ ಸಾಯುತ್ತಾನೆ. ಸಹಿ ಹಾಕುವುದು, ಓಡಾಡುವುದು, ಹೆದರುವುದು ಎಲ್ಲ ಉಳಿದವರ ಕೆಲಸ. ಅಮ್ಮನೂ ತಲೆಯಾಡಿಸಿದಳು. ಆದರೆ ಮನೆಯೊಳಗೆ, ದೋಣಿಯಲ್ಲಿ, ಬಸ್ಸಿನಲ್ಲಿ ಮಾತಾಡಿಕೊಳ್ಳಲು ಒಂದು ಪದ ಬೇಕಲ್ಲ. ಕ್ಯಾನ್ಸರ್ ಎಂದರೆ ಅಪ್ಪನಿಗೇನು, ಕಡವಿನ ನಾಯಿಗೂ ಗೊತ್ತಾಗುತ್ತದೆ. ಆಗ ನಾನೇ ಪುಸ್ತಕದ ಪದ ಕೊಟ್ಟೆ, ಅರ್ಬುದ. ಅಂದಿನಿಂದ ನಮ್ಮ ಮನೆಯಲ್ಲಿ ಅಪ್ಪನ ಎದುರೇ ಅರ್ಬುದದ ಬಗ್ಗೆ ಚರ್ಚೆ ನಡೆಯಿತು. ಅಪ್ಪ ಅದು ಯಾವುದೋ ಊರಿನ ಹೆಸರು ಎಂದುಕೊಂಡವರಂತೆ ಪಕ್ಕದಲ್ಲಿ ಚಾ ಕುಡಿಯುತ್ತಿದ್ದರು. ನನಗೆ ಅದನ್ನು ನೋಡಿದಾಗಲೆಲ್ಲ ಮೈ ಉರಿಯುತ್ತಿತ್ತು.

ಸ್ಕ್ಯಾನ್ ಆದ ಮೇಲೆ ಡಾಕ್ಟರು ನನ್ನನ್ನೂ ಮಾವನನ್ನೂ ಒಳಗೆ ಕರೆದರು. ಅಪ್ಪ ಹೊರಗೆ ಬೆಂಚಿನ ಮೇಲೆ ಕೂತಿದ್ದರು. ಡಾಕ್ಟರು ಹೇಳಿದ ಇಂಗ್ಲಿಷ್ ಪದಗಳನ್ನು ನಾನು ಮನಸ್ಸಿನಲ್ಲೇ ಪಠ್ಯಪುಸ್ತಕದ ಕನ್ನಡಕ್ಕೆ ಹಾಕಿಕೊಳ್ಳುತ್ತಾ ಹೋದೆ. ಕಾರ್ಟಿಲೇಜ್ ಎಂದರೆ ಮೃದ್ವಸ್ಥಿ. ಮಕ್ಕಳಿಗೆ ಕಿವಿ ಹಿಡಿದು ಬಗ್ಗಿಸಿ ತೋರಿಸಿ ಎನ್ನುತ್ತೇನೆ, ಎಲ್ಲರೂ ನಗುತ್ತಾ ಬಗ್ಗಿಸುತ್ತಾರೆ. ಇನ್ವೇಷನ್ ಎಂದರೆ ಆಕ್ರಮಣ. ಅದು ಸಮಾಜದ ಟೀಚರಿನ ಪದ. ಮೃದ್ವಸ್ಥಿಯ ಪಕ್ಕದಲ್ಲಿ ಆಕ್ರಮಣ ಬಂದು ಕೂತಾಗ ನನಗೆ ಎಲ್ಲ ತಿಳಿಯಿತು. ಕರೆಂಟು ಕೊಟ್ಟು ಸುಡುವ, ಅಂದರೆ ರೇಡಿಯೇಷನ್ನಿನ ಹಂತ ದಾಟಿದೆ. ಧ್ವನಿಪೆಟ್ಟಿಗೆಯನ್ನು ಪೂರ್ತಿ ತೆಗೆಯಬೇಕು. ಕುತ್ತಿಗೆಯ ಮುಂದೆ ಒಂದು ತೂತು ಮಾಡಿ ಶ್ವಾಸನಾಳವನ್ನು ಅಲ್ಲಿಗೆ ಹೊಲಿಯುತ್ತಾರೆ. ಇನ್ನು ಮುಂದೆ ಉಸಿರು ಅಲ್ಲಿಂದಲೇ, ಬಾಯಿಗೂ ಉಸಿರಿಗೂ ಸಂಬಂಧವಿಲ್ಲ. ಸ್ವರ ಇರುವುದಿಲ್ಲ. ಆಮೇಲೆ ಒಂದು ಚಿಕ್ಕ ಕವಾಟ ಇಟ್ಟು ಮಾತು ಕಲಿಸಲು ನೋಡಬಹುದು, ಕೆಲವರಿಗೆ ಬರುತ್ತದೆ, ಕೆಲವರಿಗೆ ಬರುವುದಿಲ್ಲ. ತೆಗೆಯದಿದ್ದರೆ ಏನಾಗುತ್ತದೆ ಎಂದು ನಾನು ಕೇಳಿದೆ. ಅದು ಬೆಳೆದು ಉಸಿರಿನ ದಾರಿಯನ್ನೇ ಮುಚ್ಚುತ್ತದೆ ಎಂದರು.

ಮಾವ ಆಗಲೇ ಕಿಸೆಯಿಂದ ಪೆನ್ನು ತೆಗೆದಿದ್ದರು. ಡಾಕ್ಟರು ಬೇಡವೆಂದು ತಲೆಯಾಡಿಸಿದರು. ನಿಮ್ಮ ಸಹಿ ಸಾಲುವುದಿಲ್ಲ, ಅವರ ಸ್ವರ ಹೋಗುತ್ತದೆ ಎಂದು ಅವರಿಗೆ ಗೊತ್ತಿರಬೇಕು, ಅವರ ಭಾಷೆಯಲ್ಲಿ ಹೇಳಿ, ಅವರು ಒಪ್ಪಿದ ಮೇಲೆ ಬನ್ನಿ ಎಂದರು. ಅಪ್ಪನನ್ನು ಒಳಗೆ ಕರೆಸಿದರು. ನಾನು ಬಾಯಿ ತೆರೆಯುವುದರೊಳಗೆ ಮಾವನೇ ತುಳುವಿನಲ್ಲಿ ಶುರುಮಾಡಿದರು. ಗಂಟು ತೆಗೀತಾರೆ ಭಾವ, ಸ್ವಲ್ಪ ದಿನ ಕುತ್ತಿಗೆಗೆ ಒಂದು ಪೈಪು ಇಡ್ತಾರೆ, ಅಷ್ಟೆ. ಸ್ವರ ಬರ್ತದಾ ಎಂದರು ಅಪ್ಪ. ಎಲ್ಲ ಸರಿ ಮಾಡ್ತಾರೆ ಎಂದರು ಮಾವ. ಡಾಕ್ಟರಿಗೆ ತುಳು ಬರುತ್ತಿರಲಿಲ್ಲ. ಅವರು ನನ್ನ ಮುಖ ನೋಡಿದರು. ಮಾವ ಸರಿಯಾಗಿ ಹೇಳಿದ್ರಾ ಎಂದು ಕೇಳುವ ನೋಟ ಅದು. ಮನೆಯಲ್ಲಿ ಪುನಃ ಮಾತಾಡಿ ಬರುತ್ತೇವೆ ಎಂದು ಇಂಗ್ಲಿಷಿನಲ್ಲಿ ಹೇಳಿ ಅಪ್ಪನ ಕೈ ಹಿಡಿದು ಎಬ್ಬಿಸಿಕೊಂಡು ಬಂದೆ.

ಹಿಂದಿರುಗುವಾಗ ಅಪ್ಪ ಖುಷಿಯಲ್ಲಿದ್ದರು. ಅದನ್ನು ನೋಡಲಾಗುತ್ತಿರಲಿಲ್ಲ. ದಕ್ಕೆಯ ಹತ್ತಿರ ಯಾರೋ ಸಿಕ್ಕಿದಾಗ, ಈ ರಜೆಯಲ್ಲಿ ಗಂಟಲು ರಿಪೇರಿ ಮಾಡಿಸ್ತೇನೆ, ಬೋಟು ಇಳಿದ ದಿನ ಮೊದಲ ಏಲಂ ನನ್ನದೇ ಎಂದು ಆ ಒಡಕು ಸ್ವರದಲ್ಲೇ ಕೂಗಿ ಹೇಳಿದರು. ನನ್ನ ಕಣ್ಣೆದುರು ಒಂದೇ ಚಿತ್ರ. ಆಪರೇಷನ್ ಆದ ಮೇಲೆ ಅವರು ಎಚ್ಚರಾಗುತ್ತಾರೆ. ನೀರು ಕೇಳಲು ಬಾಯಿ ತೆರೆಯುತ್ತಾರೆ. ಏನೂ ಬರುವುದಿಲ್ಲ. ಪುನಃ ಪ್ರಯತ್ನಿಸುತ್ತಾರೆ. ಆಮೇಲೆ ನನ್ನನ್ನು ನೋಡುತ್ತಾರೆ. ಆ ನೋಟಕ್ಕೆ ನಾನು ಏನು ಹೇಳಲಿ? ಮರುದಿನ ಶಾಲೆಯಲ್ಲಿ ಉಸಿರಾಟದ ಪಾಠವೇ ಇತ್ತು. ಗೋಡೆಗೆ ಚಾರ್ಟು ತೂಗುಹಾಕಿ ಮೂಗಿನ ಹೊಳ್ಳೆಯಿಂದ ಕೋಲು ಇಟ್ಟುಕೊಂಡು ಇಳಿಯುತ್ತಾ ಬಂದೆ. ಗಂಟಲ ಕೆಳಗೆ ಧ್ವನಿಪೆಟ್ಟಿಗೆಯ ಚಿತ್ರ ಬಂತು. ಅದನ್ನು ದಾಟಿ ಸೀದಾ ಶ್ವಾಸಕೋಶಕ್ಕೆ ಹೋದೆ. ಆ ತರಗತಿಯ ಮಕ್ಕಳಿಗೆ ಧ್ವನಿಪೆಟ್ಟಿಗೆಯ ಪಾಠ ಆಗಲೇ ಇಲ್ಲ.

ಸಂಜೆ ಮನೆಗೆ ಬಂದಾಗ ಮಳೆ ಬಿಟ್ಟಿತ್ತು. ಅಮ್ಮ ಪಕ್ಕದ ಮನೆಯ ಕ್ರಿಶ್ಚಿಯನ್ ಅಕ್ಕನ ಜೊತೆ ಬಿಕರ್ನಕಟ್ಟೆಯ ಚರ್ಚಿಗೆ ಮೇಣದಬತ್ತಿ ಹಚ್ಚಲು ಹೋಗಿದ್ದಳು. ಅಪ್ಪ ಮನೆಯ ಹಿಂದೆ ಎಳೆದಿಟ್ಟ ದೋಣಿಯ ನೆರಳಿನಲ್ಲಿ ಬಲೆ ಬಿಡಿಸುತ್ತಾ ಕೂತಿದ್ದರು. ಇನ್ನು ತಡೆದರೆ ನನಗೆ ಧೈರ್ಯ ಬರುವುದಿಲ್ಲ ಎಂದು ಹೋಗಿ ಎದುರಿಗೆ ಕುಕ್ಕರಗಾಲಿನಲ್ಲಿ ಕೂತೆ. ಆಮೇಲೆ ಗೊತ್ತಾಯಿತು, ನನ್ನ ಹತ್ತಿರ ಪದವೇ ಇಲ್ಲ. ಇಂಗ್ಲಿಷಿನಲ್ಲಿ ಉಂಟು, ಕನ್ನಡದಲ್ಲಿ ಉಂಟು. ನಾವು ಊಟ ಮಾಡುವ, ಜಗಳವಾಡುವ, ಲಾಲಿ ಹಾಡುವ ತುಳುವಿನಲ್ಲಿ ಧ್ವನಿಪೆಟ್ಟಿಗೆಗೆ ಏನೆನ್ನುತ್ತಾರೋ ನನಗೆ ಗೊತ್ತಿರಲಿಲ್ಲ. ಗಂಟಲಿಗೆ ದೊಂಡೆ ಎನ್ನುತ್ತೇವೆ, ಸ್ವರಕ್ಕೆ ಸೊರ ಎನ್ನುತ್ತೇವೆ. ಎರಡರ ನಡುವೆ ಇರುವ ಆ ಸಣ್ಣ ಗೂಡಿಗೆ ಹೆಸರು ಇಡುವ ಪ್ರಸಂಗ ನಮ್ಮ ಮನೆಯಲ್ಲಿ ಯಾರಿಗೂ ಬಂದಿರಲಿಲ್ಲ.

ಅವರ ಬಲಗೈಯಿಂದ ಬಲೆ ಬಿಡಿಸಿದೆ. ಆ ಕೈಯ ಬೆರಳುಗಳನ್ನು ಅವರದೇ ಗಂಟಲ ಉಬ್ಬಿನ ಮೇಲೆ ಇಟ್ಟೆ. ಈಗ ಒಮ್ಮೆ ದರ ಕರೀರಿ ಎಂದೆ. ಎಂತ ಮಂಗಾಟ ಎಂದು ನಕ್ಕರು. ಕರೀರಿ ಎಂದೆ. ಬಂಗುಡೆ ಮೀನಿಗೆ ದರ ಕೂಗುವ ಹಾಗೆ ಒಮ್ಮೆ ಕೂಗಿದರು. ಬೆರಳಿನ ಕೆಳಗೆ ಅದುರಿತಲ್ಲ ಎಂದು ಕೇಳಿದೆ. ಹೌದೆಂದರು.

"ಅಲ್ಲಿಂದಲೇ ಅಪ್ಪ, ಸೊರ ಬರೋದು. ಗಂಟು ಅದರಲ್ಲೇ ಉಂಟು. ಡಾಕ್ಟ್ರು ಗಂಟು ಮಾತ್ರ ಅಲ್ಲ, ಅದನ್ನೇ ತೆಗೀತಾರೆ."

ಬೆರಳು ಅಲ್ಲೇ ಇತ್ತು. ನಾನು ಉಳಿದದ್ದನ್ನೂ ಹೇಳಿದೆ. ಕುತ್ತಿಗೆಯ ತೂತು, ಅದರಿಂದ ಉಸಿರು, ಸ್ವರ ಹಿಂದೆ ಬರುವುದಿಲ್ಲ ಎಂಬುದು. ಅರ್ಬುದ ಎಂದರೆ ಯಾವ ಕಾಯಿಲೆ ಎಂಬುದನ್ನೂ ಹೇಳಿದೆ. ಒಂದನ್ನು ಮಾತ್ರ ಹೇಳಲಿಲ್ಲ, ತೆಗೆಯದಿದ್ದರೆ ಏನಾಗುತ್ತದೆ ಎಂಬುದು. ಅಷ್ಟು ಒಟ್ಟಿಗೆ ಒಬ್ಬ ಮನುಷ್ಯನ ತಲೆಯ ಮೇಲೆ ಸುರಿಯಲು ನನಗೆ ಭಯವಾಯಿತು. ಅಪ್ಪ ನದಿಯ ಕಡೆ ತಿರುಗಿದರು. ಆಮೇಲೆ, ಕುತ್ತಿಗೆಯಿಂದ ಉಸಿರಾದರೆ ನೀರಿಗೆ ಇಳಿಯುವ ಹಾಗಿಲ್ಲ, ಸೊಂಟದಿಂದ ಮೇಲೆ ನೀರು ಬಂದರೆ ಮುಗಿಯಿತು ಅಲ್ಲವಾ ಎಂದು ಕೇಳಿದರು. ನನಗೆ ಅದು ಹೊಳೆದೇ ಇರಲಿಲ್ಲ. ಒಂದು ಕಡೆ ನದಿ, ಇನ್ನೊಂದು ಕಡೆ ಸಮುದ್ರ, ನಡುವೆ ನಮ್ಮ ಮರಳಿನ ಪಟ್ಟಿ. ಪೇಟೆಗೆ ಹೋಗಬೇಕಾದರೂ ದೋಣಿ. ಕಾಲು ಜಾರಿ ನೀರಿಗೆ ಬಿದ್ದರೆ ಅವರಿಗೆ ಕೂಗಲೂ ಆಗುವುದಿಲ್ಲ.

"ಬೇಡ. ಇದ್ದಷ್ಟು ದಿನ ಸೊರ ಇಟ್ಟುಕೊಂಡೇ ಇರ್ತೇನೆ," ಎಂದು ಅಪ್ಪ ಬಲೆ ಎತ್ತಿಕೊಂಡರು.

ಆ ಮಾತು ಮನೆಯಲ್ಲಿ ಬಾಂಬು ಹಾಕಿದಂತಾಯಿತು. ಅಮ್ಮ ಊಟ ಬಿಟ್ಟಳು. ಮಾವ ಬೈಕಂಪಾಡಿಯಿಂದ ಬಂದವರು ಚಪ್ಪಲಿ ಬಿಡದೆ ಅಂಗಳದಲ್ಲೇ ನಿಂತು ನನಗೆ ಬೈದರು. ಪುಸ್ತಕ ಓದಿದ ಕೊಬ್ಬು, ನೀನು ಸುಮ್ಮನಿದ್ದರೆ ಭಾವ ಬದುಕುತ್ತಿದ್ದರು, ಈಗ ನೀನೇ ಅವರನ್ನು ಕೊಂದೆ ಎಂದರು. ನಾನೂ ಸುಮ್ಮನಿರುವವಳಲ್ಲ, ಎದುರುತ್ತರ ಕೊಟ್ಟೆ. ನಿಮ್ಮ ಗಂಟಲು ಕೊಯ್ಯುವುದಾದರೆ ನಿಮಗೆ ಹೇಳದೆ ಕೊಯ್ಯಬಹುದಾ ಎಂದು ಕೇಳಿದೆ. ಆದರೆ ಅವರು ಹೋದ ಮೇಲೆ ಬಚ್ಚಲಿಗೆ ಹೋಗಿ ಬಾಗಿಲು ಹಾಕಿಕೊಂಡೆ. ಮಾವನ ಮಾತು ನಿಜವಾಗಿಬಿಟ್ಟರೆ ಎಂಬ ಹೆದರಿಕೆ. ಅಪ್ಪ ಕೆಮ್ಮಿದರೆ ಕೈಯಲ್ಲಿದ್ದ ಕೆಲಸ ಬಿಟ್ಟು ಓಡುತ್ತಿದ್ದೆ. ಅವರು ಮಲಗಿದ್ದಾಗ ಉಸಿರು ಎಳೆಯುವ ಸದ್ದು ಗೊರಗೊರ ಎನ್ನುತ್ತಿತ್ತು. ಆ ಸದ್ದಿಗೂ ಒಂದು ಇಂಗ್ಲಿಷ್ ಹೆಸರಿತ್ತು, ಡಾಕ್ಟರು ಹೇಳಿದ್ದರು, ಸ್ಟ್ರೈಡರ್. ಆ ಸದ್ದು ಶುರುವಾದರೆ ಕಾಯಬೇಡಿ ಎಂದಿದ್ದರು. ಇದು ಅದೇನಾ, ಬರೀ ಗೊರಕೆಯಾ ಎಂದು ಕಿವಿಗೊಟ್ಟು ಕೂರುತ್ತಿದ್ದೆ. ಪದ ಗೊತ್ತಿಲ್ಲದಿದ್ದರೆ ಗೊರಕೆ ಎಂದುಕೊಂಡು ಸುಮ್ಮನಿರುತ್ತಿದ್ದೆನೋ ಏನೋ.

ಒಂದು ಮಧ್ಯಾಹ್ನ ಗಂಜಿ ಕುಡಿಯುವಾಗ ಅಪ್ಪನಿಗೆ ಉಸಿರು ಸಿಕ್ಕಿಕೊಂಡಿತು. ಬಟ್ಟಲು ಕೆಳಗೆ ಬಿತ್ತು, ಕಣ್ಣು ಮೇಲೆ ಹೋಯಿತು, ಎರಡೂ ಕೈಯಲ್ಲಿ ಗೋಡೆ ಹಿಡಿದುಕೊಂಡರು. ಅಮ್ಮ ಬೆನ್ನು ತಟ್ಟುತ್ತಾ ದೇವರುಗಳನ್ನೆಲ್ಲ ಕರೆದಳು. ಸ್ವಲ್ಪ ಹೊತ್ತಿನಲ್ಲಿ ಉಸಿರು ಬಂತು. ಆದರೆ ಅಪ್ಪನ ಮುಖದಲ್ಲಿ ನಾನು ಎಂದೂ ಕಾಣದ ಒಂದು ಹೆದರಿಕೆ ಕಂಡಿತು. ಸಮುದ್ರಕ್ಕೆ ಹೆದರದ ಮನುಷ್ಯ ಗಂಜಿಯ ಬಟ್ಟಲಿಗೆ ಹೆದರಿ ಕೂತಿದ್ದರು. ಆಗ ನಾನು ಉಳಿಸಿಕೊಂಡದ್ದನ್ನು ಹೇಳಿದೆ.

"ಇದು ಬೆಳೀತಾ ಹೋಗ್ತದೆ ಅಪ್ಪ. ಈಗ ಆದದ್ದು ದಿನಾ ಆಗ್ತದೆ. ಆಮೇಲೆ ಉಸಿರಿನ ದಾರಿಯೇ ಮುಚ್ಚಿ ಹೋಗ್ತದೆ. ನೀವು ಬೇಡ ಅಂದ್ರೂ ಸೊರ ಉಳಿಯೋದಿಲ್ಲ."

ಅಪ್ಪ ನನ್ನನ್ನು ದಿಟ್ಟಿಸಿ ನೋಡಿದರು. ಇದನ್ನು ಅವತ್ತೇ ಹೇಳ್ಲಿಕ್ಕೆ ಎಂತ ಆಗಿತ್ತು ಮಾರಾಯ್ತಿ ಎಂದರು. ಬೈಗುಳವೇನಲ್ಲ, ನಿಜವಾಗಿ ಕೇಳಿದ್ದು. ಹೆದರಿಕೆ ಆಯಿತು ಎಂದೆ. ಅವರು ಬಿದ್ದ ಗಂಜಿಯನ್ನು ಒಂದು ಬಟ್ಟೆಯಿಂದ ತಾವೇ ಒರೆಸಿ, ಡಾಕ್ಟರ ಹತ್ತಿರ ಹೋಗುವ, ಕೇಳ್ಲಿಕ್ಕುಂಟು ಎಂದರು.

ಆ ಸಲ ಅಪ್ಪ ನನ್ನನ್ನು ನಡುವೆ ನಿಲ್ಲಿಸಿಕೊಳ್ಳಲಿಲ್ಲ. ಮೀನು ಕೊಳ್ಳಲು ಬರುವವರ ಜೊತೆ ಆಡಿ ಕಲಿತ ಹರಕು ಕನ್ನಡದಲ್ಲಿ ತಾವೇ ಕೇಳಿದರು. ಊಟ ಬಾಯಿಂದಲೇ ಮಾಡಬಹುದಾ? ಮಾಡಬಹುದು. ದೋಣಿಯಲ್ಲಿ ಕೂರಬಹುದಾ? ಕೂರಬಹುದು, ನೀರಿಗೆ ಇಳಿಯುವ ಹಾಗಿಲ್ಲ, ತೂತಿಗೆ ಬಟ್ಟೆ ಕಟ್ಟಿಕೊಳ್ಳಬೇಕು. ಮೀನಿನ ವಾಸನೆ ಗೊತ್ತಾಗುತ್ತದಾ? ಮೂಗಿನಿಂದ ಉಸಿರು ಹೋಗುವುದಿಲ್ಲವಲ್ಲ, ಹೆಚ್ಚು ಗೊತ್ತಾಗುವುದಿಲ್ಲ ಎಂದರು ಡಾಕ್ಟರು. ಇಷ್ಟು ದಿನದಲ್ಲಿ ನಾನು ಕೇಳಬೇಕೆಂದು ಯೋಚಿಸಿಯೂ ಇರದ ಪ್ರಶ್ನೆಗಳು ಅವು. ಮಾವ ಮೂಲೆಯಲ್ಲಿ ಕೈಕಟ್ಟಿ ನಿಂತಿದ್ದರು. ಕೊನೆಗೆ ಅಪ್ಪ ಇನ್ನೊಂದು ಕೇಳಿದರು.

"ನಗುವಾಗ ಸೊರ ಬರ್ತದಾ? ಕೂಗುವಾಗ, ಅಂದ್ರೆ ಅಳುವಾಗ?"

ಡಾಕ್ಟರು ಕನ್ನಡದಲ್ಲಿಯೇ ಹೇಳಿದರು. "ಇಲ್ಲ. ಕಣ್ಣೀರು ಬರ್ತದೆ. ಸ್ವರ ಬರೋದಿಲ್ಲ."

ಅಪ್ಪ ಆಯಿತು ಎಂಬಂತೆ ತಲೆಯಾಡಿಸಿ, ತೋರಿಸಿದ ಜಾಗದಲ್ಲಿ ನಿಧಾನವಾಗಿ ಸಹಿ ಹಾಕಿದರು. ಮಾವ ಬೈಕಂಪಾಡಿಗೆ ಆಟೋ ಹಿಡಿಯಲು ಹೋದರು, ಹೊರಗೆ ಬೆಂಚಿನಲ್ಲಿ ಕಾಯುತ್ತಿದ್ದ ಅಮ್ಮನೂ ಸೇರಿ ನಾವು ಮೂವರೂ ಕಡವಿಗೆ ಬಂದು ದೋಣಿ ಹತ್ತಿದೆವು. ಅದರಲ್ಲಿ ಬುಟ್ಟಿ ಇಟ್ಟುಕೊಂಡ ಹೆಂಗಸರಿದ್ದರು, ಕಾಲೇಜಿನ ಹುಡುಗಿಯರಿದ್ದರು, ಒಬ್ಬರು ಬೈಕನ್ನೂ ಹತ್ತಿಸಿದ್ದರು. ದೋಣಿ ನಡುನದಿಗೆ ಬಂದಾಗ ಅಪ್ಪ ಅಳತೊಡಗಿದರು. ಮೊದಲು ಸಣ್ಣಗೆ, ಆಮೇಲೆ ದೊಡ್ಡದಾಗಿ, ಏಲಂ ಕರೆಯುವ ಮನುಷ್ಯ ಹೇಗೆ ಅಳಬಹುದೋ ಹಾಗೆ. ಎಂಜಿನ್ನಿನ ಸದ್ದನ್ನೂ ಮೀರಿ ಕೇಳಿಸುತ್ತಿತ್ತು. ನಾನು ಹುಟ್ಟಿದ ಮೇಲೆ ಅಪ್ಪ ಅತ್ತದ್ದನ್ನು ಕೇಳಿದ್ದು ಅದೇ ಮೊದಲು. ಜನ ತಿರುಗಿ ನೋಡಿದರು. ನಮ್ಮ ಕಡೆ ಗಂಡಸರು ಅತ್ತರೆ ಕೂಡಲೇ ಯಾರಾದರೂ ಸುಮ್ಮನಿರಿ ಎನ್ನುತ್ತಾರೆ, ಬುಟ್ಟಿಯ ಹೆಂಗಸೊಬ್ಬಳು ಹೇಳಲು ಬಾಯಿ ತೆರೆದಳು ಕೂಡ. ಅಮ್ಮ ಅವಳ ಕೈ ಹಿಡಿದು ತಡೆದಳು. ಆಚೆ ದಡ ಮುಟ್ಟುವವರೆಗೂ ಅವರು ಅತ್ತರು. ಇಳಿಯುವಾಗ ಲುಂಗಿಯ ತುದಿಯಿಂದ ಮುಖ ಒರೆಸಿಕೊಂಡು, ಆಯ್ತು, ಇನ್ನು ಆಪರೇಷನ್ನಿಗೆ ಕರ್ಕೊಂಡು ಹೋಗಿ ಎಂದರು.

ಆಪರೇಷನ್ ಆಯಿತು, ಅಪ್ಪ ಉಳಿದರು. ಎಚ್ಚರಾದಾಗ ಬಾಯಿ ತೆರೆಯಲಿಲ್ಲ, ಕೈಸನ್ನೆಯಲ್ಲೇ ನೀರು ಕೇಳಿದರು. ನಾನು ಅಷ್ಟು ದಿನ ಹೆದರಿ ಕಾದ ಆ ನೋಟ ನನ್ನ ಮೇಲೆ ಬೀಳಲೇ ಇಲ್ಲ. ಮಾತಿನ ಕವಾಟ ಅವರಿಗೆ ಒಗ್ಗಲಿಲ್ಲ. ಈಗಲೂ ಬೋಟು ಇಳಿಯುವ ದಿನಗಳಲ್ಲಿ ಜಗಲಿಯಲ್ಲಿ ಕೂತು ಒಮ್ಮೊಮ್ಮೆ ಅಳುತ್ತಾರೆ. ಸದ್ದಿಲ್ಲದ್ದರಿಂದ ಅಡುಗೆಮನೆಯಲ್ಲಿದ್ದವರಿಗೆ ತಿಳಿಯುವುದಿಲ್ಲ. ಹಾಗಾಗಿ ಅಮ್ಮ ತರಕಾರಿ ಹೆಚ್ಚುವುದು, ಮೀನು ಕೊಯ್ಯುವುದು, ಅಕ್ಕಿ ಆರಿಸುವುದು ಎಲ್ಲವನ್ನೂ ಜಗಲಿಗೆ ತಂದು, ಅಪ್ಪನ ಮುಖ ಕಾಣುವ ಹಾಗೆ ಎದುರಿಗೇ ಕೂತು ಮಾಡುತ್ತಾಳೆ.